ಶಿವರಾತ್ರಿ ಗುಳಿಗೆ

ಗಾಂಜಾ ಸೇದಿದವರ ಕಣ್ಣು ಕೆಂಪಾಗುತ್ತದೆ, ಹಸಿವು ಹೆಚ್ಚುತ್ತದೆ. ನನ್ನೆದುರು ಕುಳಿತಿದ್ದ ಮಕ್ಕಳ ಕಣ್ಣು ಕೆಂಪಾಗಿರಲಿಲ್ಲ. ಊಟದ ಗಂಟೆ ಹೊಡೆದರೂ ಮುಂದಿನ ಬೆಂಚಿನವರು ಬುತ್ತಿ ಬಿಚ್ಚಲಿಲ್ಲ. ಒಬ್ಬ ಹುಡುಗ ತುಟಿ ಕಚ್ಚುತ್ತಲೇ ಇದ್ದ. ಅವನ ಪಕ್ಕದವನ ಮೊಣಕಾಲು ಹೊಲಿಗೆ ಯಂತ್ರದಂತೆ ಅಲುಗುತ್ತಿತ್ತು. ಹುಡುಗಿಯರ ಸಾಲಿನಲ್ಲಿ ಒಬ್ಬಳು ಮತ್ತೆ ಮತ್ತೆ ಎದ್ದು ಹೋಗಿ ನೀರು ಕುಡಿದು ಬರುತ್ತಿದ್ದಳು. ಇವರೆಲ್ಲ ತರಗತಿಯ ಜಾಣರು ಎಂದು ಹೆಡ್‌ಮಾಸ್ತರು ಆಗಲೇ ಹೇಳಿದ್ದರು. ನನ್ನ ಅನುಮಾನ ಅಲ್ಲಿಂದ ಶುರುವಾಯಿತು.

ಅದು ತುರ್ತುಪರಿಸ್ಥಿತಿಯ ವರ್ಷದ ಬೇಸಿಗೆ. ನಾನು ಜಿಲ್ಲೆಯ ಆರೋಗ್ಯ ಕಚೇರಿಯಲ್ಲಿ ಆರೋಗ್ಯ ಶಿಕ್ಷಕಿಯಾಗಿದ್ದೆ. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ತಾಲ್ಲೂಕುಗಳ ಹೈಸ್ಕೂಲುಗಳಿಗೆ ಹೋಗಿ ಅಮಲು ಪದಾರ್ಥಗಳ ಕೇಡನ್ನು ಮಕ್ಕಳಿಗೆ, ಸಾಧ್ಯವಾದರೆ ಊರವರಿಗೂ, ತಿಳಿಸಿ ಬರಬೇಕೆಂದು ಆದೇಶವಾಗಿತ್ತು. ಬಟ್ಟೆಗೆ ಅಂಟಿಸಿದ ಚಿತ್ರಪಟಗಳ ಒಂದು ಸುರುಳಿ ಕೊಟ್ಟಿದ್ದರು. ಅದರಲ್ಲಿ ಗಾಂಜಾ ಗಿಡವಿತ್ತು, ಸಾರಾಯಿ ಕುಡಿದು ಹೆಂಡತಿಯ ಜುಟ್ಟು ಹಿಡಿದವನಿದ್ದ, ಅಫೀಮು ತಿಂದು ಎಲುಬಿನ ಹಂದರವಾದವನಿದ್ದ. ಸುರುಳಿಯನ್ನು ಕರಿಹಲಗೆಯ ಮೊಳೆಗೆ ನೇತುಹಾಕಿ ಒಂದೊಂದೇ ಚಿತ್ರ ಬಿಡಿಸುತ್ತಾ ಮಾತಾಡುವುದು, ಕೊನೆಗೆ ಮಕ್ಕಳಿಂದ ಪ್ರತಿಜ್ಞೆ ಮಾಡಿಸುವುದು, ಹೆಡ್‌ಮಾಸ್ತರ ಸಹಿ ತಗೊಂಡು ಮುಂದಿನ ಬಸ್ಸು ಹಿಡಿಯುವುದು. ಇಷ್ಟು ನನ್ನ ಕೆಲಸ.

ಹೊಸದುರ್ಗ ತಾಲ್ಲೂಕಿನ ಮತ್ತೋಡಿನಲ್ಲಿ ಮಾತು ಮುಗಿದ ಮೇಲೆ ಒಬ್ಬರೂ ಪ್ರಶ್ನೆ ಕೇಳಲಿಲ್ಲ. ಹೊಳಲ್ಕೆರೆ ಕಡೆಯ ಒಂದು ಊರಲ್ಲಿ ಶಾಲೆಯ ಜಗಲಿಯ ಮೇಲೆ ಕುಂತು ಕೇಳಿಸಿಕೊಳ್ಳುತ್ತಿದ್ದ ಮುದುಕರೊಬ್ಬರು ಮಾತ್ರ ಕೇಳಿದರು:

"ಅಮ್ಮಾರೆ, ಸಾರಾಯಿ ಅಂಗಡಿ ಹರಾಜು ಹಾಕೋದೂ ಸರ್ಕಾರ. ಕುಡೀಬ್ಯಾಡ್ರಿ ಅಂತ ನಿಮ್ಮನ್ನ ಕಳ್ಸೋದೂ ಸರ್ಕಾರ. ನಾವು ಯಾವ ಸರ್ಕಾರದ ಮಾತು ಕೇಳಾಣ?"

ಅದಕ್ಕೆ ನನ್ನ ಸುರುಳಿಯಲ್ಲಿ ಚಿತ್ರವಿರಲಿಲ್ಲ.

ಇನ್ನೊಂದು ತೊಡಕೂ ಇತ್ತು. ಮಾರ್ಚ್ ಕೊನೆಯೊಳಗೆ ಸಂತಾನಹರಣ ಶಸ್ತ್ರಚಿಕಿತ್ಸೆಯ ಗುರಿ ಮುಟ್ಟಬೇಕೆಂದು ಎಲ್ಲ ಇಲಾಖೆಯವರ ಮೇಲೂ ಒತ್ತಡವಿತ್ತು. ಊರಿನವರಿಗೆ ಆರೋಗ್ಯ ಇಲಾಖೆ ಎಂದರೆ ಆಪರೇಷನ್, ಅಷ್ಟೇ. ನಾನು ಬಸ್ಸಿಳಿದ ಕೂಡಲೇ ಅಂಗಡಿ ಕಟ್ಟೆಯ ಮೇಲಿದ್ದ ಗಂಡಸರು ಒಬ್ಬೊಬ್ಬರಾಗಿ ಎದ್ದು ಹೊಲದ ಕಡೆ ನಡೆಯುತ್ತಿದ್ದರು. ನಾನು ಸುಳ್ಳು ಹೇಳುತ್ತೇನೆಂದು ಅವರು ನಂಬಿದ್ದರು. "ನಮ್ಮಲ್ಲಿ ಅಂಥದ್ದೇನೂ ಇಲ್ಲ ಮೇಡಂ" ಎಂದು ಎಲ್ಲ ಶಾಲೆಗಳವರೂ ಒಂದೇ ದನಿಯಲ್ಲಿ ಹೇಳುತ್ತಿದ್ದರಿಂದ, ಅವರೂ ಸುಳ್ಳು ಹೇಳುತ್ತಾರೆಂದು ನಾನು ನಂಬತೊಡಗಿದ್ದೆ.

ನಾನು ಹೇಳುತ್ತಿರುವ ಶಾಲೆ ಧರ್ಮಪುರ ಹೋಬಳಿಯಲ್ಲಿತ್ತು. ಊರಿನ ಹೆಸರು ಬರೆಯುವುದಿಲ್ಲ. ಸುತ್ತ ಶೇಂಗಾ ಹೊಲ. ಆಂಧ್ರದ ಗಡಿ ದೂರವಿರಲಿಲ್ಲ. ಹತ್ತನೇ ತರಗತಿಯ ಆ ಮಕ್ಕಳನ್ನು ನೋಡಿದ ಮೇಲೆ ಹೆಡ್‌ಮಾಸ್ತರನ್ನು ಬದಿಗೆ ಕರೆದು ಕೇಳಿದೆ, ಇವರಿಗೇನಾಗಿದೆ ಎಂದು.

"ಏನಾಗೈತೆ? ಪರೀಕ್ಷೆ ಹತ್ರ ಬಂತು, ಭಯ ಐತೆ" ಅಂದರು. ಆಮೇಲೆ ನನ್ನ ಚೀಲದ ಕಡೆ ನೋಡಿ, "ನಿಮ್ದು ಬರೀ ಭಾಷಣ ತಾನೆ? ಬೇರೆ ಏನೂ ಇಲ್ವಲ್ಲ?" ಎಂದು ಕೇಳಿದರು.

ಅಂದು ನನ್ನ ಜೊತೆ ಬಸ್ ನಿಲ್ದಾಣದವರೆಗೆ ಸುರುಳಿ ಹೊತ್ತು ಬಂದವರು ಗಣಿತದ ಮೇಷ್ಟ್ರು. ಮೂವತ್ತು ದಾಟಿರದ ಮನುಷ್ಯ, ಸೊರಗಿದ ಮುಖ, ವೇಗವಾದ ಮಾತು. ಸಂಜೆ ಹೊತ್ತು ತಮ್ಮ ಮನೆಯಲ್ಲೇ ಹತ್ತನೇ ತರಗತಿಯವರಿಗೆ ಪುಕ್ಕಟೆ ಪಾಠ ಹೇಳುತ್ತೇನೆ ಎಂದರು. ಕೂಲಿಯವರ ಮಕ್ಕಳೇ ಹೆಚ್ಚು, ಮನೆಯಲ್ಲಿ ದೀಪವಿಲ್ಲ ಎಂದರು. ಇಡೀ ಶಾಲೆಯಲ್ಲಿ ನಾನು ಅನುಮಾನಪಡದ ಒಬ್ಬರೇ ಒಬ್ಬರು ಅವರು.

ಉಳಿದವರೆಲ್ಲರ ಮೇಲೂ ನನ್ನ ಕಣ್ಣಿತ್ತು. ಶಾಲೆಯ ಎದುರಿನ ಸೈಕಲ್ ಶಾಪಿನವನು, ಗೇಟಿನ ಬಳಿ ಬುಟ್ಟಿ ಇಟ್ಟುಕೊಂಡು ಬೋರೆಹಣ್ಣು ಮಾರುವವಳು, ಊರಾಚೆ ಗುಡ್ಡದ ಗವಿಯಲ್ಲಿ ಇರುವ ಸಾಧು. ಸಾಧು ಗಾಂಜಾ ಸೇದುತ್ತಾನೆಂಬುದು ಊರಿಗೆಲ್ಲ ಗೊತ್ತಿದ್ದ ವಿಷಯ. ಆದರೆ ಗಾಂಜಾದ ಲಕ್ಷಣವೇ ಆ ಮಕ್ಕಳಲ್ಲಿರಲಿಲ್ಲ. ಅದು ನನ್ನನ್ನು ಕಾಡುತ್ತಿತ್ತು.

ನಾನು ಪ್ರಾಥಮಿಕ ಆರೋಗ್ಯ ಕೇಂದ್ರದ ಡಾಕ್ಟರ ಬಳಿ ಹೋದೆ. ಹೊಸದಾಗಿ ಬಂದಿದ್ದ ಯುವಕ. ಎಲ್ಲ ಕೇಳಿಸಿಕೊಂಡು, ಶಾಲಾ ಮಕ್ಕಳ ಆರೋಗ್ಯ ತಪಾಸಣೆ ಹೇಗೂ ಬಾಕಿಯಿದೆ, ಆ ನೆಪದಲ್ಲಿ ಹೋಗೋಣ ಎಂದರು. ಮುಂದಿನ ವಾರ ಆಸ್ಪತ್ರೆಯ ಜೀಪಿನಲ್ಲೇ ಹೋದೆವು. ಮೊದಲು ಎಂಟನೇ ತರಗತಿ, ಆಮೇಲೆ ಒಂಬತ್ತು, ಕೊನೆಗೆ ಹತ್ತು. ಮಕ್ಕಳನ್ನು ಸ್ವಲ್ಪ ಹೊತ್ತು ಸುಮ್ಮನೆ ಕೂರಿಸಿ ನಾಡಿ ಎಣಿಸುವುದು, ಕಣ್ಣಿಗೆ ಬ್ಯಾಟರಿ ಬಿಟ್ಟು ಪಾಪೆ ಕುಗ್ಗುವುದನ್ನು ನೋಡುವುದು, ನಾಲಿಗೆ ಚಾಚಿಸುವುದು. ಕೆಳಗಿನ ತರಗತಿಯವರು ಸರಿಯಾಗಿದ್ದರು. ಹತ್ತನೇ ತರಗತಿಯ ಮುಂದಿನ ಬೆಂಚಿನಲ್ಲಿ ನಾಡಿ ಓಡುತ್ತಿತ್ತು, ನಾಲಿಗೆ ಒಣಗಿತ್ತು, ಹಗಲು ಬೆಳಕಿನಲ್ಲೂ ಪಾಪೆ ಅಗಲವಾಗಿತ್ತು. ಡಾಕ್ಟರು ನನ್ನ ಕಡೆ ನೋಡಿ, "ಇದು ಭಯ ಅಲ್ಲ" ಅಂದರು.

ಅಷ್ಟು ಹೊತ್ತಿಗೆ ಹೊರಗೆ ಗದ್ದಲವಾಯಿತು. ಜೀಪು ಬಂದದ್ದನ್ನು ನೋಡಿ ಯಾರೋ ಊರೊಳಗೆ ಸುದ್ದಿ ಮುಟ್ಟಿಸಿದ್ದರು. ಹೊಲದಿಂದ ಹೆಂಗಸರು ಕುಡುಗೋಲು ಹಿಡಿದೇ ಓಡಿ ಬಂದರು. ಒಬ್ಬಾಕೆ ಕಿಟಕಿಯಿಂದಲೇ ಮಗನನ್ನು ಎಳೆದುಕೊಂಡಳು. ಹುಡುಗರು ಕಾಂಪೌಂಡು ಹಾರಿದರು. "ಮಕ್ಳಿಗೂ ಸೂಜಿ ಹಾಕಾಕೆ ಬಂದವ್ರೆ" ಎಂದು ಕೂಗು. ಡಾಕ್ಟರು ಸ್ಟೆತಸ್ಕೋಪು ಮಡಚಿ ಜೇಬಿಗೆ ಹಾಕಿಕೊಂಡರು. ನಾವು ಜೀಪು ಹತ್ತುವಾಗ ಯಾರೋ ಒಂದು ಕಲ್ಲು ಬೀರಿದರು. ಅದು ಹಿಂದಿನ ಪರದೆಗೆ ತಾಗಿ ಕೆಳಗೆ ಬಿತ್ತು.

ಹೆಡ್‌ಮಾಸ್ತರು ನನ್ನ ಮೇಲೆ ಕಚೇರಿಗೆ ದೂರು ಕೊಟ್ಟರು. ನನ್ನ ಮೇಲಧಿಕಾರಿ ಕರೆದು, "ಚಿತ್ರ ತೋರಿಸೋದು ನಿಮ್ಮ ಕೆಲಸ. ಪತ್ತೇದಾರಿ ಬೇಡ" ಎಂದರು. ಅವರ ಮಾತಿನಲ್ಲಿ ಕೋಪಕ್ಕಿಂತ ದಣಿವು ಹೆಚ್ಚಾಗಿತ್ತು. ಅವರಿಗೂ ಮಾರ್ಚ್ ಕೊನೆಯ ಗುರಿಯಿತ್ತು.

ಹೆಡ್‌ಮಾಸ್ತರು ಇನ್ನೊಂದು ಕೆಲಸವನ್ನೂ ಮಾಡಿದ್ದರು. ತಮ್ಮ ಶಾಲೆಯ ಹೆಸರು ಕೆಡುವ ಮೊದಲೇ, ಗುಡ್ಡದ ಸಾಧು ಮಕ್ಕಳಿಗೆ ಗಾಂಜಾ ಹಚ್ಚುತ್ತಿದ್ದಾನೆ ಎಂದು ಠಾಣೆಗೆ ತಿಳಿಸಿದ್ದರು. ಪೊಲೀಸರು ಗವಿಗೆ ಹೋಗಿ ಚಿಲುಮೆ, ಒಂದು ಹಿಡಿ ಸೊಪ್ಪು, ಸಾಧು, ಎಲ್ಲವನ್ನೂ ತಂದಿದ್ದರು. ನನಗೆ ಠಾಣೆಯಿಂದ ಕರೆ ಬಂತು.

ಸಬ್ ಇನ್‌ಸ್ಪೆಕ್ಟರು ಕುರ್ಚಿ ತೋರಿಸಿ, "ಕುಂತ್ಕಳ್ರಿ ಅಮ್ಮಾರೆ" ಎಂದರು. "ಮಕ್ಕಳನ್ನ ತಪಾಸಣೆ ಮಾಡಿದೋರು ನೀವು. ಗಾಂಜಾ ಸೇದಿದ ಲಕ್ಷಣ ಐತೆ ಅಂತ ನಿಮ್ದೊಂದು ಹೇಳಿಕೆ ಬೇಕು. ಡಾಕ್ಟ್ರು ನೀವು ಕೊಟ್ರೆ ತಾನೂ ಕೊಡ್ತೀನಿ ಅಂದವ್ರೆ."

ಡಾಕ್ಟರು ಹಾಗೆ ಹೇಳಿರಲಾರರು ಎನಿಸಿತು. ಹೇಳಿಕೆ ಆಗಲೇ ಬರೆದು ತಯಾರಾಗಿತ್ತು. ನನ್ನ ಸಹಿಗೆ ಜಾಗ ಬಿಟ್ಟಿದ್ದರು.

"ಲಕ್ಷಣ ಗಾಂಜಾದ್ದಲ್ಲ ಸಾರ್" ಅಂದೆ.

"ಮತ್ತೆ ಯಾವ್ದರದ್ದು?"

"ಗೊತ್ತಿಲ್ಲ."

"ಗೊತ್ತಿಲ್ಲ ಅಂದ್ಮೇಲೆ ಗಾಂಜಾ ಅಲ್ಲ ಅಂತ ಹೆಂಗೆ ಗೊತ್ತು?"

ಲಾಕಪ್ಪಿನೊಳಗೆ ಸಾಧು ಗೋಡೆಗೆ ಒರಗಿ ಕುಳಿತಿದ್ದ. ಅರುವತ್ತು ದಾಟಿದ ಮುದುಕ. ಬೂದಿ ಬಳಿದ ಮೈಮೇಲೆ ಬೆವರು ಇಳಿದು ಗೆರೆಗಳಾಗಿದ್ದವು. ನಮ್ಮ ಮಾತು ಅವನಿಗೆ ಕೇಳಿಸುತ್ತಿತ್ತೋ ಇಲ್ಲವೋ, ಅವನು ನೆಲ ನೋಡುತ್ತಿದ್ದ. ನಾನು ಸಹಿ ಮಾಡಲಿಲ್ಲ. ಸಬ್ ಇನ್‌ಸ್ಪೆಕ್ಟರು ಕಾಗದ ಹಿಂದಕ್ಕೆ ಎಳೆದುಕೊಂಡು, "ಹಂಗಾದ್ರೆ ಮಕ್ಕಳಿಗೆ ಕೊಟ್ಟೋರು ಯಾರು ಅಂತ ನೀವೇ ಪತ್ತೆ ಮಾಡ್ಕಂಡು ಬರ್ರಿ. ಅಲ್ಲೀವರೆಗೂ ಇವ್ನು ಇಲ್ಲೇ ಇರ್ತಾನೆ" ಎಂದರು.

ಬಾಗಿಲ ಹೊರಗೆ ಒಬ್ಬ ಪೇದೆ ನನಗೆ ಕೇಳುವಷ್ಟು ಮೆಲ್ಲಗೆ ಹೇಳಿದ: "ಸೋಮವಾರ ಆಪ್ರೇಶನ್ ಕ್ಯಾಂಪು ಐತೆ ಅಮ್ಮಾರೆ. ನಮ್ಮ ಠಾಣೆ ಲೆಕ್ಕಕ್ಕೆ ಇನ್ನೂ ಕೇಸು ಕಮ್ಮಿ ಅವೆ. ಹೆಂಡ್ರು ಮಕ್ಳು ಇಲ್ಲದೋನು, ಕೇಳೋರ್ಯಾರು."

ಅವನು ನನ್ನನ್ನು ಎಚ್ಚರಿಸಿದನೋ ಹೆದರಿಸಿದನೋ ಇಂದಿಗೂ ತಿಳಿಯದು. ಅಂದು ಗುರುವಾರ.

ಮರುದಿನ ರಜೆ ಹಾಕಿ ಮತ್ತೆ ಆ ಊರಿಗೆ ಹೋದೆ. ಸುರುಳಿ ಒಯ್ಯಲಿಲ್ಲ. ಬಸ್ ನಿಲ್ಲುವ ಬೇವಿನ ಮರದ ಕೆಳಗೆ ಕುಳಿತೆ. ಯಾರೂ ಹತ್ತಿರ ಬರಲಿಲ್ಲ. ಬಹಳ ಹೊತ್ತಿನ ಮೇಲೆ ಒಬ್ಬ ಹೆಂಗಸು ಎದುರಿಗೆ ಒಂದು ಸಲ ಹೋದಳು, ತಿರುಗಿ ಬಂದಳು, ಮತ್ತೆ ಹೋದಳು. ಕೊನೆಗೆ ದೂರದಲ್ಲೇ ನಿಂತು ಕೇಳಿದಳು.

"ನೀವು ಆಪ್ರೇಶನ್ ಡಾಕ್ಟ್ರಮ್ಮನಾ?"

"ಅಲ್ಲಮ್ಮ. ನಾನು ಡಾಕ್ಟರೇ ಅಲ್ಲ."

"ಮತ್ಯಾಕೆ ಹುಡುಗ್ರ ಕೈ ಹಿಡಿದು ನೋಡಿದ್ರಿ?"

"ಅವರ ಎದೆ ಜೋರಾಗಿ ಬಡಿದುಕೊಳ್ಳುತ್ತಿತ್ತು. ಯಾಕೆ ಅಂತ ತಿಳಿಯಬೇಕಿತ್ತು."

ಅವಳು ಎರಡು ಹೆಜ್ಜೆ ಹತ್ತಿರ ಬಂದಳು. "ನಮ್ಮ ಹುಡುಗೀಗೂ ಬಡ್ಕಂತೈತೆ" ಅಂದಳು. "ಶಿವರಾತ್ರಿ ಆದಾಗ್ಲಿಂದ ಸರಿಯಾಗಿ ಕಣ್ಣು ಮುಚ್ಚಿಲ್ಲ. ಈಗ ಯಾರೋ ನೋಡ್ತಾವ್ರೆ, ಯಾರೋ ಮಾತಾಡ್ತಾವ್ರೆ ಅಂತಾಳೆ. ನಮ್ಮ ಅತ್ತೆ ಗಾಳಿ ಅಂತಾರೆ. ನಂಗ್ಯಾಕೋ ಗಾಳಿ ಅನ್ಸಲ್ಲ. ಬರ್ರಿ, ಆದ್ರೆ ಸೂಜಿ ಗೀಜಿ ಹಾಕಂಗಿಲ್ಲ."

ಶೇಂಗಾ ಸುಲಿಯುವ ಕೂಲಿಯವಳು ಅವಳು. ಗಂಡ ತೀರಿಕೊಂಡಿದ್ದ. ಮನೆಯೊಳಗೆ ಹಗಲಲ್ಲೂ ಕತ್ತಲು. ಕಿಟಕಿಯ ಸಂದಿಗಳಿಗೆಲ್ಲ ಬಟ್ಟೆ ಚೂರು ತುರುಕಿತ್ತು. ಬಾಗಿಲ ಹಿಂದೆ ಪುಸ್ತಕಗಳ ನಡುವೆ ಕುಳಿತಿದ್ದ ಹುಡುಗಿಯನ್ನು ಕೂಡಲೇ ಗುರುತಿಸಿದೆ. ಶಾಲೆಯಲ್ಲಿ ಮತ್ತೆ ಮತ್ತೆ ನೀರಿಗೆ ಎದ್ದು ಹೋಗುತ್ತಿದ್ದವಳು. ಮುಂಗೈಯನ್ನು ಉಗುರಿನಿಂದ ಕೆರೆದು ಕೆರೆದು ಗಾಯ ಮಾಡಿಕೊಂಡಿದ್ದಳು. ನನ್ನ ಮುಖ ನೋಡದೆ ತಾಯಿಗೆ ಹೇಳಿದಳು:

"ಇವ್ರ ಚೀಲದಾಗೆ ಏನೈತೆ ನೋಡವ್ವ."

ನಾನು ಚೀಲವನ್ನು ಅವಳ ಮುಂದೆ ನೆಲಕ್ಕೆ ಸುರಿದೆ. ಬಾಚಣಿಗೆ, ಊಟದ ಡಬ್ಬಿ, ಬಸ್ ಟಿಕೆಟುಗಳು, ಉಷ್ಣ ಅಳೆಯುವ ಕಡ್ಡಿ, ಒಂದು ಕರವಸ್ತ್ರ. ಅವಳು ಒಂದೊಂದನ್ನೇ ಎತ್ತಿ ತಿರುಗಿಸಿ ನೋಡಿದಳು. ಡಬ್ಬಿ ತೆಗೆದು ಚಿತ್ರಾನ್ನ ಮೂಸಿದಳು. ಖಾಲಿ ಚೀಲದೊಳಗೆ ಕೈ ಹಾಕಿ ಹೊಲಿಗೆಯನ್ನೂ ತಡಕಿದಳು.

"ಯಾರು ಕಳಿಸಿದ್ರು?" ಅಂದಳು ಕೊನೆಗೆ.

"ಯಾರೂ ಕಳಿಸಿಲ್ಲ. ಹೋಗಬೇಡ ಅಂದಿದ್ದರು."

ಅದು ಅವಳಿಗೆ ಹಿಡಿಸಿತೋ ಏನೋ, ಗೋಡೆಗೆ ಒರಗಿದಳು. ಏನು ತಿನ್ನುತ್ತೀಯ ಎಂದು ಕೇಳಿದೆ. ಅವಳು ಒಂದು ಪುಸ್ತಕ ಎಳೆದು ಮಡಿಲಲ್ಲಿಟ್ಟುಕೊಂಡಳು. ಯಾರು ಕೊಟ್ಟರು ಎಂದು ನನಗೆ ಹೇಳಬೇಡ, ಏನು ಕೊಟ್ಟರು ಅಷ್ಟು ಹೇಳು ಎಂದೆ. ಅವಳು ಮತ್ತೆ ಮುಂಗೈ ಕೆರೆಯತೊಡಗಿದಳು. ತಾಯಿ ಮಗಳ ಮುಖವನ್ನು ನೋಡಿದಳು, ನನ್ನ ಮುಖವನ್ನು ನೋಡಿದಳು. ಆಮೇಲೆ ಸೆರಗಿನ ತುದಿಯ ಗಂಟು ಬಿಚ್ಚಿ ಒಂದು ಬಿಳಿ ಗುಳಿಗೆಯ ಅರ್ಧ ಚೂರನ್ನು ನನ್ನ ಅಂಗೈಗೆ ಹಾಕಿದಳು.

"ಬುದ್ಧಿ ಗುಳಿಗೆ ಅಂದ್ರು. ಉಂಡ ಮ್ಯಾಲೆ ಅರ್ಧ ಕೊಡು ಅಂತ ನನ್ ಕೈಗೇ ಕೊಟ್ಟಿದ್ರು. ಇವಳು ಗೆಳತೇರ ಹತ್ರ ಇಸ್ಕಂಡು ಇಡೀದು ತಿಂತಾಳೆ ಅಂತ ಆಮ್ಯಾಲೆ ಗೊತ್ತಾತು."

"ಯಾರು ಕೊಟ್ಟಿದ್ದು?"

"ಮೇಷ್ಟ್ರು" ಅಂದಳು. ನನ್ನ ಮುಖ ನೋಡಿ, ಬೇಗ ಬೇಗ ಸೇರಿಸಿದಳು: "ಅವ್ರು ದೇವರಂಥೋರು ಅಮ್ಮಾರೆ. ದುಡ್ಡು ಇಸ್ಕಳಲ್ಲ. ಇವಳಿಗೆ ಪುಸ್ತಕ ಕೊಡ್ಸಿದ್ದೂ ಅವ್ರೇ."

ಗುಳಿಗೆಯನ್ನು ಕರವಸ್ತ್ರದಲ್ಲಿ ಕಟ್ಟಿಕೊಂಡು ಡಾಕ್ಟರ ಬಳಿ ಹೋದೆ. ಅವರು ನೋಡಿ, ಮುರಿದ ಅಂಚಿನ ಮೇಲೆ ಉಳಿದಿದ್ದ ಗುರುತು ನೋಡಿ, ನಿದ್ದೆ ತಡೆಯುವ ಗುಳಿಗೆ ಇರಬೇಕು ಎಂದರು. ಪಟ್ಟಣದಲ್ಲಿ ಕೆಲವರು ಸಣ್ಣಗಾಗಲು ತಿನ್ನುತ್ತಾರೆ, ಹಸಿವು ಸಾಯುತ್ತದೆ, ಕೆಲವು ದಿನ ತಲೆ ಚುರುಕಾದಂತೆ ಅನಿಸುತ್ತದೆ, ಆಮೇಲೆ ಅನುಮಾನ ಹುಟ್ಟುತ್ತದೆ, ಇಲ್ಲದ ದನಿ ಕೇಳುತ್ತದೆ ಎಂದರು. ಖಚಿತವಾಗಬೇಕಾದರೆ ಇಡೀ ಗುಳಿಗೆ ಬೇಕು, ಹೆಸರು ಅಚ್ಚಾದ ಗುಳಿಗೆ ಪಟ್ಟಿಯ ಸಮೇತ. ಇದನ್ನು ಡಾಕ್ಟರ ಚೀಟಿಯಿಲ್ಲದೆ ಯಾರೂ ಮಾರುವಂತಿಲ್ಲ.

ಹಿರಿಯೂರಿನಲ್ಲಿ ಹೈವೇ ಮೇಲೆ ಲಾರಿಗಳು ನಿಲ್ಲುವ ಕಡೆ ಒಂದು ಔಷಧಿ ಅಂಗಡಿಯಿತ್ತು. ಶನಿವಾರ ಬೆಳಗ್ಗೆ ಅಲ್ಲಿಗೆ ಹೋಗಿ, ನಿದ್ದೆ ಬರದಂತೆ ಮಾಡುವ ಗುಳಿಗೆ ಇದೆಯೇ ಎಂದೆ. ಅಂಗಡಿಯವನು ನನ್ನನ್ನು ಮೇಲಿಂದ ಕೆಳಗೆ ನೋಡಿದ.

"ಯಾರಿಗ್ರಿ?"

"ಓದೋ ಹುಡುಗಿಗೆ."

ಅವನ ಮುಖ ಸಡಿಲವಾಯಿತು. "ಪರೀಕ್ಷೆನಾ? ಹಂಗಾದ್ರೆ ಅರ್ಧ ಸಾಕು. ಡ್ರೈವರ್‌ಗಳು ಶಿವರಾತ್ರಿ ಗುಳಿಗೆ ಅಂತಾರೆ, ಒಂದು ನುಂಗಿದ್ರೆ ಜಾಗರಣೆನೇ. ಈ ಸಲ ಪರೀಕ್ಷೆ ಹುಡುಗ್ರು ಭಾಳ ಬಂದ್ರು." ಚೀಟಿಯ ಮಾತೇ ಬರಲಿಲ್ಲ. ಪಟ್ಟಿಯನ್ನು ಹಳೇ ಪತ್ರಿಕೆಯಲ್ಲಿ ಸುತ್ತಿ ಕೊಟ್ಟ. ಅದರಲ್ಲಿದ್ದ ಹೆಸರು ಓದಿ ಡಾಕ್ಟರು ತಲೆಯಾಡಿಸಿದರು. ಈಗಲೇ ನಿಲ್ಲಿಸಬೇಕು, ನಿಲ್ಲಿಸಿದರೆ ಮಕ್ಕಳು ಒಂದೆರಡು ದಿನ ಬಿದ್ದು ನಿದ್ದೆ ಮಾಡುತ್ತಾರೆ, ಎದ್ದ ಮೇಲೂ ಮಂಕಾಗಿರುತ್ತಾರೆ, ಒಬ್ಬೊಬ್ಬರನ್ನೇ ಬಿಡಬಾರದು ಎಂದರು. ಪರೀಕ್ಷೆಗೆ ಎರಡು ವಾರವೂ ಉಳಿದಿರಲಿಲ್ಲ.

ಅದೇ ಮಧ್ಯಾಹ್ನ ಮೇಷ್ಟ್ರ ಮನೆಗೆ ಹೋದೆ. ಪಟ್ಟಿಯನ್ನು ಅವರ ಮೇಜಿನ ಮೇಲಿಟ್ಟೆ. ಅವರು ಬೆಚ್ಚಲಿಲ್ಲ.

"ಇದು ಗಾಂಜಾ ಅಲ್ಲ ಅಮ್ಮಾರೆ, ಅಂಗಡಿಯಾಗೆ ಸಿಗೋ ಔಷಧಿ. ನಾನು ಬಿ.ಎಸ್ಸಿ. ಓದಿದ್ದೇ ಇದನ್ನ ತಗಂಡು. ಈಗ್ಲೂ ತಗಂತೀನಿ. ಈ ಮಕ್ಳು ಸ್ಕೂಲಿಗೆ ಮುಂಚೆ, ಸ್ಕೂಲು ಬಿಟ್ಮ್ಯಾಲೆ ಹೊಲದಾಗೆ ದುಡೀತಾವೆ. ಸಂಜೆ ನನ್ ಮನೆಗೆ ಬಂದು ಕುಂತ ತಕ್ಷಣ ತೂಕಡಿಸ್ತಾವೆ. ಎಚ್ಚರ ಇದ್ರೆ ತಾನೆ ಹೇಳಿಕೊಡಾಕೆ? ಹೋದ ವರ್ಷ ಪಾಸಾದೋರು ಬೆರಳೆಣಿಕೆ. ಈ ಸಲನೂ ಹಂಗೇ ಆದ್ರೆ ಹೈಸ್ಕೂಲೇ ಎತ್ತಂಗಡಿ ಅಂತ ಹೇಳವ್ರೆ."

"ಮಕ್ಕಳೇ ಹಿರಿಯೂರಿಗೆ ಹೋಗಿ ಕೊಂಡು ತರುತ್ತಿರುವುದು ಗೊತ್ತೇ?"

ಅದು ಅವರಿಗೆ ಗೊತ್ತಿರಲಿಲ್ಲ. ಆದರೂ ನಂಬಲಿಲ್ಲ. ನಾನು ಕೆಲಸ ತೋರಿಸಿಕೊಳ್ಳಲು ಕೇಸು ಹುಟ್ಟಿಸುತ್ತಿದ್ದೇನೆ ಎಂದು ಅವರ ಮುಖದಲ್ಲಿ ಓದಬಹುದಿತ್ತು. ನಾನು ವಾದ ಮಾಡಲಿಲ್ಲ. "ಬನ್ನಿ, ಒಂದು ಮನೆಗೆ ಹೋಗಿ ಬರೋಣ" ಎಂದೆ.

ಹುಡುಗಿ ಅದೇ ಬಾಗಿಲ ಹಿಂದೆ ಇದ್ದಳು. ಮೇಷ್ಟ್ರನ್ನು ಕಂಡು ಎದ್ದು ನಿಂತಳು. ಅವರು ಮೆಲ್ಲಗೆ, "ಏನವ್ವ, ಪ್ರಮೇಯ ಎಲ್ಲ ಬಂದ್ವಾ?" ಎಂದರು. ಅವಳು ಹಿಂದೆ ಸರಿದು ಗೋಡೆಗೆ ತಾಗಿಕೊಂಡಳು.

"ನೀವೇ ಅವರಿಗೆ ಹೇಳಿದ್ದು" ಅಂದಳು.

"ಯಾರಿಗೆ?"

"ನನ್ನ ಪರೀಕ್ಷೆ ನಂಬರ್ ಅವರಿಗೆ ಕೊಟ್ಟಿದ್ದೀರಿ. ನಂಗೆ ಬೇರೆ ಪ್ರಶ್ನೆಪತ್ರಿಕೆ ಮಾಡ್ಸವ್ರೆ. ಗೋಡೆ ಹಿಂದೆ ನೀವು ಮಾತಾಡಿದ್ದು ಕೇಳ್ದೆ. ನನ್ನ ಫೇಲ್ ಮಾಡ್ಸಾಕೇ ಗುಳಿಗೆ ಕೊಟ್ರಿ."

ಮೇಷ್ಟ್ರು ಏನೋ ಹೇಳಲು ಬಾಯಿ ತೆರೆದರು. ಅವಳು ಎರಡೂ ಕೈಯಲ್ಲಿ ಕಿವಿ ಮುಚ್ಚಿಕೊಂಡು ಕುಸಿದು ಕೂತಳು. ತಾಯಿ ಹೋಗಿ ತಬ್ಬಿಕೊಂಡಳು. ಮೇಷ್ಟ್ರು ಹೊರಗೆ ಬಂದು ಶೇಂಗಾ ಸಿಪ್ಪೆಯ ರಾಶಿಯ ಪಕ್ಕ ನಿಂತರು.

ನಿಲ್ಲಿಸಬೇಕು ಎಂಬುದಕ್ಕೆ ಅವರು ಅಲ್ಲೇ ಒಪ್ಪಿದರು. ಉಳಿದದ್ದು ಸಾಧುವಿನ ವಿಷಯ. ಸೋಮವಾರದ ಕ್ಯಾಂಪಿನ ಸಂಗತಿ ಹೇಳಿದೆ. ಕೊಟ್ಟವರು ಯಾರೆಂದು ತಿಳಿಯದೆ ಠಾಣೆಯವರು ಬಿಡುವುದಿಲ್ಲ ಎಂದೂ ಹೇಳಿದೆ.

"ಪರೀಕ್ಷೆ ಮುಗಿಯೋವರೆಗೂ ನನ್ನ ಹೆಸರು ಹೇಳ್ದೆ ಇರಾಕಾಗಲ್ವಾ?" ಎಂದರು. "ನಾನು ಒಳಗೆ ಹೋದ್ರೆ ಈ ಮಕ್ಳನ್ನ ಯಾರು ನೋಡ್ಕಂತಾರೆ? ಈಗಿನ ಕಾಲ ಹೆಂಗೈತೆ ಅಂತ ನಿಮಗೆ ಗೊತ್ತೈತೆ. ಒಳಗೆ ಹೋದೋರು ಯಾವಾಗ ಬರ್ತಾರೆ ಅಂತ ಹೇಳಂಗಿಲ್ಲ."

ತಾಯಿ ಬಾಗಿಲಿಗೆ ಬಂದು ನಿಂತಿದ್ದಳು. "ಮೇಷ್ಟ್ರ ಹೆಸರು ಹೇಳ್ಬ್ಯಾಡ್ರಿ ಅಮ್ಮಾರೆ. ಆ ಸಾಧು ಎಲ್ಲಿಂದ್ಲೋ ಬಂದೋನು. ಯಾರಿಗೆ ಬೇಕಾಗವ್ನೆ?"

ಅವಳು ಕೆಟ್ಟವಳಲ್ಲ. ಆ ಮಾತಿನಲ್ಲಿ ಲೆಕ್ಕ ಸರಿಯಾಗಿಯೇ ಇತ್ತು. ಒಂದು ಕಡೆ ಊರಿಗೆ ಬೇಕಾದ ಮನುಷ್ಯ, ಇನ್ನೊಂದು ಕಡೆ ಯಾರಿಗೂ ಬೇಡದ ಮನುಷ್ಯ. ಯಾರಿಗೂ ಬೇಡದವನನ್ನು ಸುಲಭವಾಗಿ ಬಿಟ್ಟುಬಿಡಬಹುದು ಎಂಬುದೇ ನನ್ನನ್ನು ಹೆದರಿಸಿತು. ಭಾನುವಾರ ಬೆಳಗಿನ ಬಸ್ಸಿಗೆ ಠಾಣೆಗೆ ಹೋಗುತ್ತೇನೆ, ನೀವೂ ಬಂದರೆ ಒಳ್ಳೆಯದು, ಬರದಿದ್ದರೆ ನಾನೇ ಹೇಳುತ್ತೇನೆ ಎಂದು ಮೇಷ್ಟ್ರಿಗೆ ತಿಳಿಸಿದೆ. ಅವರು ಬೆನ್ನು ತಿರುಗಿಸಿ ತಮ್ಮ ಮನೆಯ ದಾರಿ ಹಿಡಿದರು.

ಆ ರಾತ್ರಿ ಡಾಕ್ಟರ ಮನೆಯಲ್ಲಿ ಅವರ ತಾಯಿಯ ಜೊತೆ ಉಳಿದೆ. ಬೆಳಗ್ಗೆ ಮತ್ತೆ ಆ ಊರಿಗೆ ಬಂದು ಬೇವಿನ ಮರದ ಕೆಳಗೆ ಕಾದೆ. ಬಸ್ಸು ಬಂತು, ಮೇಷ್ಟ್ರು ಬರಲಿಲ್ಲ. ಕಂಡಕ್ಟರು ಎರಡು ಸಲ ಸೀಟಿ ಊದಿದ. ಮೇಷ್ಟ್ರು ಗಡಿ ದಾಟಿ ಆಂಧ್ರದ ಕಡೆ ಹೋಗಿರಬೇಕು ಅಂದುಕೊಂಡೆ. ಅಷ್ಟೇ ಅಲ್ಲ, ತಾಯಿಯೂ ಅವರೂ ಸೇರಿ ಹುಡುಗಿಯನ್ನೂ ಎಲ್ಲಿಗಾದರೂ ಸಾಗಿಸಿರಬಹುದು, ಡಾಕ್ಟರೂ ನಾಳೆ ತಮಗೇನೂ ಗೊತ್ತಿಲ್ಲ ಎನ್ನಬಹುದು ಎಂದೆಲ್ಲ ದಾರಿಯುದ್ದಕ್ಕೂ ಯೋಚಿಸಿದೆ. ಆ ದಿನಗಳಲ್ಲಿ ಯಾರನ್ನಾದರೂ ನಂಬುವುದೇ ನನಗೆ ಮರೆತುಹೋಗಿತ್ತು.

ಠಾಣೆಯಲ್ಲಿ ಸಬ್ ಇನ್‌ಸ್ಪೆಕ್ಟರು ಪಟ್ಟಿಯನ್ನು ಬೆಳಕಿಗೆ ಹಿಡಿದು ನೋಡಿದರು. ಡಾಕ್ಟರು ಬರೆದುಕೊಟ್ಟಿದ್ದ ಟಿಪ್ಪಣಿ ಓದಿದರು. "ಸರಿ. ಕೊಟ್ಟೋರು ಯಾರು?"

ನಾನು ಹೇಳಿದೆ. ಮೇಷ್ಟ್ರ ಹೆಸರು, ಅಂಗಡಿ ಇರುವ ಜಾಗ, ತಿಳಿಯದೆ ಕೊಟ್ಟರು ಎಂಬ ನನ್ನ ನಂಬಿಕೆ, ಮೂರನ್ನೂ ನನ್ನ ಕೈಬರಹದಲ್ಲೇ ಬರೆದು ಸಹಿ ಮಾಡಿದೆ. ಪೇದೆಗೆ ಬೀಗ ತೆಗೆಯಲು ಹೇಳಿದರು.

ಸಾಧು ಹೊರಗೆ ಬರಲಿಲ್ಲ. ನನ್ನನ್ನು ಬೆರಳು ಮಾಡಿ ತೋರಿಸಿ, "ಆಯಮ್ಮ ಆಸ್ಪತ್ರೆಯೋಳು. ಜೀಪು ಎಲ್ಲೈತೆ? ನಾನು ಬರಲ್ಲ, ಇಲ್ಲೇ ಇರ್ತೀನಿ" ಎಂದ. ಜೀಪಿಲ್ಲ, ನಾನು ಬಸ್ಸಿನಲ್ಲಿ ಬಂದೆ ಎಂದರೂ ಕಂಬಿ ಬಿಡಲಿಲ್ಲ. ಕೊನೆಗೆ ನಾನು ಠಾಣೆಯಿಂದ ಹೊರಗೆ ಹೋಗಿ ರಸ್ತೆಯ ಆಚೆ ನಿಂತ ಮೇಲೆಯೇ ಅವನು ಹೊರಬಂದದ್ದು. ಮೆಟ್ಟಿಲ ಮೇಲೆ ನಿಂತು ಎಡಕ್ಕೂ ಬಲಕ್ಕೂ ನೋಡಿದ, ಗುಡ್ಡದ ದಾರಿ ಬಿಟ್ಟು ಅದರ ವಿರುದ್ಧ ದಿಕ್ಕಿಗೆ ಬೇಗ ಬೇಗ ನಡೆದ. ಆ ಗವಿಗೆ ಅವನು ಮತ್ತೆ ಬರಲಿಲ್ಲವಂತೆ.

ಅಂದು ಮಧ್ಯಾಹ್ನ ಮೇಷ್ಟ್ರು ಸೈಕಲ್ ತುಳಿದುಕೊಂಡು ಠಾಣೆಗೆ ಬಂದರೆಂದು ಮರುದಿನ ತಿಳಿಯಿತು. ಬೆಳಗ್ಗೆ ಅವರು ಬಸ್ಸಿಗೆ ಬರದಿದ್ದುದಕ್ಕೆ ಕಾರಣ, ಮನೆಮನೆಗೆ ಹೋಗಿ ಉಳಿದ ಗುಳಿಗೆಗಳನ್ನೆಲ್ಲ ಇಸಿದುಕೊಳ್ಳುತ್ತಿದ್ದುದು. ಪ್ರತಿ ಮನೆಯಲ್ಲೂ, ಮಕ್ಕಳು ಮಲಗಿದರೆ ಎಬ್ಬಿಸಬೇಡಿ, ಎದ್ದಾಗ ಅಂಬಲಿ ಕುಡಿಸಿ, ಹೊಲಕ್ಕೆ ಕಳಿಸಬೇಡಿ ಎಂದು ಹೇಳಿದ್ದರು. ಈ ಗುಳಿಗೆ ಕೊಟ್ಟದ್ದು ತಪ್ಪು ಎಂದೂ ಹೇಳಿದ್ದರು. ಅವರನ್ನು ಒಂದು ದಿನ ಕೂರಿಸಿಕೊಂಡು ಬಿಟ್ಟರು. ಇಲಾಖೆ ಅಮಾನತಿನಲ್ಲಿಟ್ಟಿತು. ಆಮೇಲೆ ಹೊಳಲ್ಕೆರೆ ಕಡೆಯ ಒಂದು ಶಾಲೆಗೆ ಹಾಕಿತು. ಒಂದು ಸಲ ನನಗೆ ಎದುರಾದರು. ತಲೆ ತಗ್ಗಿಸಿ ದಾಟಿಹೋದರು. ಅವರು ಬರುವವರೆಗೆ ನಾನು ಕಾದಿದ್ದರೆ, ಅವರ ಹೆಸರನ್ನು ಅವರೇ ಹೇಳುತ್ತಿದ್ದರು. ಆದರೆ ಬರುತ್ತಾರೆಂದು ನನಗೆ ಹೇಗೆ ತಿಳಿಯಬೇಕಿತ್ತು?

ಗುಳಿಗೆ ನಿಂತ ಮೇಲೆ ಎರಡು ದಿನ ಹತ್ತನೇ ತರಗತಿಯ ಕೋಣೆ ಖಾಲಿಯಿತ್ತು. ಡಾಕ್ಟರೂ ನಾನೂ ನಡೆದುಕೊಂಡೇ ಮನೆಮನೆಗೆ ಹೋದೆವು. ಜೀಪು ತರಲಿಲ್ಲ. ನಡುಮನೆಯಲ್ಲಿ, ಜಗಲಿಯಲ್ಲಿ, ಚೀಲಗಳ ಮರೆಯಲ್ಲಿ ಮಕ್ಕಳು ಕಟ್ಟಿಗೆಯಂತೆ ಬಿದ್ದು ಮಲಗಿದ್ದವು. ಅಜ್ಜಿಯರು ನೊಣ ಓಡಿಸುತ್ತಿದ್ದರು. ಈ ಸಲ ಯಾರೂ ಕಲ್ಲು ಬೀರಲಿಲ್ಲ, ಯಾರೂ ಒಳಗೆ ಬನ್ನಿ ಅನ್ನಲೂ ಇಲ್ಲ.

ಆ ಶಾಲೆಯಲ್ಲಿ ಪಾಸಾದವರು ಹಿಂದಿನ ವರ್ಷಕ್ಕಿಂತ ಹೆಚ್ಚೇನೂ ಇರಲಿಲ್ಲ. "ನೀವು ಬರ್ದೆ ಇದ್ದಿದ್ರೆ ಎಲ್ಲಾ ಪಾಸಾಗ್ತಿದ್ವು" ಎಂದು ಹೆಡ್‌ಮಾಸ್ತರು ನನ್ನ ಮುಖಕ್ಕೇ ಹೇಳಿದರು. ಔಷಧಿ ಅಂಗಡಿ ಕೆಲವು ದಿನ ಮುಚ್ಚಿ ಮತ್ತೆ ತೆರೆಯಿತು. ಹುಡುಗಿ ಆ ಸಲ ಪರೀಕ್ಷೆಗೆ ಕೂರಲಿಲ್ಲ. ಗೋಡೆಯ ಹಿಂದಿನ ದನಿಗಳು ನಿಲ್ಲಲು ವಾರಗಳೇ ಹಿಡಿದವು. ಮಳೆಗಾಲ ಮುಗಿಯುವ ಹೊತ್ತಿಗೆ ಮರುಪರೀಕ್ಷೆಗೆ ಕೂತು ಪಾಸಾದಳೆಂದು ಡಾಕ್ಟರು ತಿಳಿಸಿದರು.

ಅದಾದ ಮೇಲೆ ಒಂದು ದಿನ ಹಿರಿಯೂರಿನ ಬಸ್ ನಿಲ್ದಾಣದಲ್ಲಿ ಅವಳ ತಾಯಿ ಸಿಕ್ಕಳು. ತಲೆಯ ಮೇಲೆ ಶೇಂಗಾ ಗಂಟು. ನನ್ನನ್ನು ಮಾತಾಡಿಸುವುದೋ ಬೇಡವೋ ಎಂದು ಸ್ವಲ್ಪ ಹೊತ್ತು ನಿಂತಳು. ಮೇಷ್ಟ್ರ ಹೆಸರು ಹೇಳಿದ್ದನ್ನು ಅವಳು ಮರೆತಿರಲಿಲ್ಲ ಎಂಬುದು ಮುಖದಲ್ಲೇ ಕಾಣುತ್ತಿತ್ತು. ಮಗಳು ಹೇಗಿದ್ದಾಳೆ ಎಂದು ನಾನೇ ಕೇಳಿದೆ. ಅವಳು ಗಂಟು ಇಳಿಸಿ ಉಸಿರು ಬಿಟ್ಟಳು.

"ಏನ್ ಹೇಳಾಣ ಅಮ್ಮಾರೆ. ಹೊತ್ತು ಹುಟ್ಟಿ ಮಾರುದ್ದ ಬಂದಿರ್ತೈತೆ, ಆ ಮೂದೇವಿ ಇನ್ನೂ ಎದ್ದೇ ಇರಲ್ಲ. ದಿನಾ ಕೂಗಿ ಕೂಗಿ ನನ್ನ ಗಂಟ್ಲು ಹೋಗೈತೆ."

ಹೀಗೆ ಬೈಯುತ್ತಾ ಬೈಯುತ್ತಾ ಅವಳು ನಕ್ಕಳು.